ಅನ್ನಪೂರ್ಣೆಯ ಕೊರಳಿನ ಸೀಳು

ಗುರುಬಸವ ಮಗನಿಗೆ ಉಳಿ ಹಿಡಿಯುವುದನ್ನು ಕಲಿಸಿದ, ಮಗಳಿಗೆ ಉಜ್ಜುವುದನ್ನು ಕಲಿಸಿದ. ಮನೆತನದ ಪದ್ಧತಿಯೇ ಹಾಗಿತ್ತು. ಗಂಡಸರು ಕಲ್ಲು ಕಡೆಯಬೇಕು, ಹೆಂಗಸರು ಪಾಲಿಶ್ ಕಾಗದಕ್ಕೆ ನೀರು ಹಚ್ಚಿ ತಿಕ್ಕಿ ತಿಕ್ಕಿ ಕಲ್ಲಿಗೆ ನುಣುಪು ತರಬೇಕು. ಅವನ ಅಪ್ಪ ಭಾಲ್ಕಿಯ ಕಡೆಯಿಂದ ನಾಸಿಕಕ್ಕೆ ಬಂದವನು. ಊರಲ್ಲಿ ಕರಿಕಲ್ಲಿನ ನಂದಿ, ನಾಗರ, ಒರಳು ಮಾಡಿಕೊಂಡಿದ್ದವನಿಗೆ ಇಲ್ಲಿಯ ಜನ ಬಿಳಿ ದೇವರನ್ನೇ ಕೇಳುತ್ತಾರೆಂದು ಗೊತ್ತಾಗಿ, ರಾಜಸ್ಥಾನದಿಂದ ಬರುವ ಅಮೃತಶಿಲೆಗೆ ಕೈ ತಿರುಗಿಸಿದ. ಪಂಚವಟಿ ದಾಟಿ ಪೇಠ್ ರಸ್ತೆಯ ಬದಿಗೆ ಹಾಕಿದ್ದ ತಗಡಿನ ಶೆಡ್ಡು ಅಪ್ಪನಿಂದ ಗುರುಬಸವನಿಗೆ ಬಂತು.

ಆ ಶೆಡ್ಡಿನಲ್ಲಿ ಗುರುಬಸವ ಮಗ ರವಿಕಾಂತನನ್ನು ಎದುರಿಗೆ ಕೂರಿಸಿಕೊಂಡು ಪಾಠ ಹೇಳುತ್ತಿದ್ದ. "ಕಲ್ಲನ್ನ ಮೊದ್ಲು ಕಿವೀಲೆ ನೋಡ್ಬೇಕು. ಸುತ್ತಿಗಿಲೆ ಬಡದ್ರ ಗಂಟಿ ಹಂಗ ನುಡೀತಂದ್ರ ಗಟ್ಟಿ ಅದ. ಒಡದ ಗಡಗಿ ಹಂಗ ನುಡೀತಂದ್ರ ಒಳಗ ಸೀಳದ." ಆಮೇಲೆ ಕಲ್ಲಿನ ಮೇಲೆ ನೀರು ಸುರಿದು ಕಾಯುವುದು. ಉಳಿದ ಕಲ್ಲೆಲ್ಲ ಒಣಗಿದರೂ ಸೀಳಿರುವ ಕಡೆ ಒಂದು ಎಳೆ ತೇವ ಉಳಿದುಬಿಡುತ್ತದೆ. ರವಿಕಾಂತ ರಸ್ತೆಯಲ್ಲಿ ಹೋಗುವ ಲಾರಿಗಳನ್ನು ನೋಡುತ್ತ ಹೂಂಗುಡುತ್ತಿದ್ದ. ಅವನಿಗಿಂತ ಎರಡು ವರ್ಷ ದೊಡ್ಡವಳಾದ ಭುವನೇಶ್ವರಿ ಮೂಲೆಯಲ್ಲಿ ಯಾವುದೋ ಗಣಪತಿಯ ಹೊಟ್ಟೆ ಉಜ್ಜುತ್ತ ಒಂದೊಂದು ಮಾತನ್ನೂ ಕೇಳಿಸಿಕೊಳ್ಳುತ್ತಿದ್ದಳು.

ಅವಳಿಗೆ ಹತ್ತೊಂಬತ್ತಾದಾಗ ಅಪ್ಪನ ಬಲಗೈ ನಡುಗಲು ಶುರುವಾಯಿತು. ಮೊದಮೊದಲು ಚಹಾದ ಲೋಟ ತುಳುಕುತ್ತಿತ್ತು. ಆಮೇಲೆ ಉಳಿ ಜಾರತೊಡಗಿತು. ಆಗ ತ್ರ್ಯಂಬಕದ ಕಡೆಯ ಮಠವೊಂದಕ್ಕೆ ದತ್ತಾತ್ರೇಯನ ಮೂರ್ತಿ ನಡೆದಿತ್ತು. ಮೂರು ಮುಖಗಳಲ್ಲಿ ಎರಡು ಮುಗಿದಿದ್ದವು. ಮೂರನೆಯದರ ಕಣ್ರೆಪ್ಪೆಗೆ ಉಳಿ ಇಟ್ಟು ಗುರುಬಸವ ಮತ್ತೆ ಕೆಳಗಿಟ್ಟ. ಮೂರು ದಿನ ಹೀಗೇ ಆಯಿತು. ರವಿಕಾಂತನ ಕೈಗೆ ಒಂದು ಚೂರು ಕಲ್ಲು ಕೊಟ್ಟು ಕಣ್ಣು ಬಿಡಿಸಲು ಹೇಳಿದ. ಅದು ಕವಡೆಯ ಹಾಗೆ ಬಂತು.

ನಾಲ್ಕನೆಯ ದಿನ ಅಪ್ಪ ಊಟಕ್ಕೆ ಹೋದಾಗ ಭುವನೇಶ್ವರಿ ಅವನ ಜಾಗದಲ್ಲಿ ಕೂತು ಬಲಗಣ್ಣಿನ ರೆಪ್ಪೆ ಬಿಡಿಸಿದಳು. ಗುರುಬಸವ ಬಂದವನು ಕಲ್ಲಿನ ಹತ್ತಿರ ಬಗ್ಗಿದ. ಹೆಬ್ಬೆರಳಿನಿಂದ ಪುಡಿ ಒರೆಸಿ ನೋಡಿದ.

"ಎಡಗಣ್ಣೂ ಮಾಡು" ಎಂದ.

ಅದೂ ಮುಗಿದ ಮೇಲೆ ಬಾಗಿಲ ಕಡೆ ನೋಡಿ, ದನಿ ತಗ್ಗಿಸಿ ಹೇಳಿದ: "ಹೊರಗ ಹೇಳಬ್ಯಾಡ ಭುವನಿ. ಹೆಣ್ಮಕ್ಳು ಮಾಡಿದ ದೇವ್ರು ಅಂದ್ರ ಯಾರೂ ಒಯ್ಯಲ್ಲ."

ಅವಳು ಅದನ್ನು ಹೊಗಳಿಕೆಯೆಂದೇ ತಿಳಿದಳು. ಅಪ್ಪನಿಂದ ಅವಳಿಗೆ ಸಿಕ್ಕ ಹೊಗಳಿಕೆ ಅದೊಂದೇ.

ಅಲ್ಲಿಂದ ಮುಂದೆ ಆ ಶೆಡ್ಡಿನಿಂದ ಹೊರಟ ಎಲ್ಲ ಮುಖಗಳೂ ಅವಳವೇ. ಗಿರಾಕಿಗಳು ಬಂದರೆ ಉಳಿ ಕೆಳಗಿಟ್ಟು ಪಾಲಿಶ್ ಕಾಗದ ಎತ್ತಿಕೊಳ್ಳುತ್ತಿದ್ದಳು. ಹೊರಗೆ ಗಾಡಿ ನಿಂತ ಸದ್ದಾದರೆ ಸಾಕು, ಅವಳು ಯೋಚಿಸುವ ಮೊದಲೇ ಕೈ ಸಾಮಾನು ಬದಲಿಸಿರುತ್ತಿತ್ತು. ಬಂದವರು ಗುರುಬಸವನ ನಡುಗುವ ಕೈಯನ್ನು ಕಣ್ಣಿಗೊತ್ತಿಕೊಂಡು ಹೋಗುತ್ತಿದ್ದರು. ಈ ವಯಸ್ಸಿನಲ್ಲಿ, ಈ ಕೈಯಲ್ಲಿ, ಇಂಥ ಕಣ್ಣು ಬಿಡಿಸುತ್ತಾರಲ್ಲ ಎಂದು ಅವರಿಗೆ ಬೆರಗು.

ಮದುವೆಯೂ ದೂರ ಆಗಲಿಲ್ಲ. ಔರಾದ್ ಕಡೆಯ ಶಾಂತಕುಮಾರ ಸಿನ್ನರ್‌ನ ಕಾರ್ಖಾನೆಯಲ್ಲಿ ಲೇತ್ ಯಂತ್ರದ ಮೇಲೆ ಕೆಲಸ ಮಾಡುತ್ತಿದ್ದ. ಊರಿನ ಕಡೆಯಿಂದ ಬಂದಿದ್ದ ಇನ್ನೂ ಒಳ್ಳೆಯ ಎರಡು ಸಂಬಂಧ ಬಿಟ್ಟು ಅಪ್ಪ ಇವನನ್ನು ಆರಿಸಿದ. ಮಗಳ ಮೇಲಿನ ಮಾಯೆಯಿಂದ ಹತ್ತಿರ ಇಟ್ಟುಕೊಂಡನೆಂದು ಅವಳು ಬಹಳ ವರ್ಷ ನಂಬಿದ್ದಳು. ಶೆಡ್ಡಿನಿಂದ ಎರಡು ಗಲ್ಲಿ ಆಚೆ ಮನೆ. ಬೆಳಿಗ್ಗೆ ಗಂಡನ ಡಬ್ಬಿ ಕಟ್ಟಿ ಇಲ್ಲಿಗೆ ಬಂದರೆ ಸಂಜೆಯವರೆಗೆ ಕಲ್ಲಿನ ಮುಂದೆ. ಮಗಳು ಮೈತ್ರೇಯಿ ಹುಟ್ಟಿದಾಗ ಒಂದೂವರೆ ತಿಂಗಳು ಬಿಡುವು ಸಿಕ್ಕಿತು, ಅಷ್ಟೆ.

ಗುರುಬಸವ ತೀರಿಕೊಂಡ ಮೇಲೆ ರವಿಕಾಂತ ಸಂಭಾಜಿನಗರಕ್ಕೆ ಹೋದ. ಆಗ ಅದು ಇನ್ನೂ ಔರಂಗಾಬಾದ್. ವಾಳೂಜ್ ರಸ್ತೆಯಲ್ಲಿ ಗಾಜಿನ ಬಾಗಿಲಿನ ಶೋರೂಮು ತೆರೆದ. ಹಿಂದಿನ ಅಂಗಳದಲ್ಲಿ ಕಂಪ್ಯೂಟರಿನ ಯಂತ್ರ ಹಾಕಿಸಿದ. ಚಿತ್ರ ತುಂಬಿಸಿ ಕಲ್ಲು ಇಟ್ಟರೆ ಅದೇ ಕೊರೆದು ಮೈ, ಕೈ, ಸೀರೆಯ ನೆರಿಗೆ ಎಲ್ಲ ತೆಗೆದುಕೊಡುತ್ತಿತ್ತು. ಮುಖದ ಜಾಗದಲ್ಲಿ ಮಾತ್ರ ಕೊರೆಯದ ಒಂದು ಮುದ್ದೆ ಉಳಿಸಿಕೊಂಡು ಟೆಂಪೋದಲ್ಲಿ ನಾಸಿಕಕ್ಕೆ ಕಳಿಸುತ್ತಿದ್ದ. ಭುವನೇಶ್ವರಿ ಮುಖ ಮಾಡಿ ವಾಪಸ್ ಕಳಿಸುತ್ತಿದ್ದಳು. ಶೋರೂಮಿನ ಗೋಡೆಯ ಮೇಲೆ ಅಪ್ಪನ ಫೋಟೋ, ಪಕ್ಕದಲ್ಲಿ ರವಿಕಾಂತನದು, ಕೆಳಗೆ ಮರಾಠಿಯಲ್ಲಿ 'ಪರಂಪರಾಗತ ಮೂರ್ತಿಕಾರರು' ಎಂಬ ಬರಹ. ದೀಪಾವಳಿಗೆ ಅಕ್ಕನಿಗೆ ಸೀರೆ ಬರುತ್ತಿತ್ತು. "ನೀ ಇದ್ದೀ ಅಂತ ನಾ ಇದ್ದೀನಿ ಅಕ್ಕಾ" ಎಂದು ಫೋನಿನಲ್ಲಿ ಹೇಳುತ್ತಿದ್ದ. ಹೇಳುವಾಗ ಅವನಿಗೂ ಅದು ನಿಜವೇ ಅನ್ನಿಸುತ್ತಿತ್ತೇನೋ.

ಅನ್ನಪೂರ್ಣೇಶ್ವರಿಯ ಕೆಲಸ ಬಂದದ್ದು ೨೦೨೨ರಲ್ಲಿ. ಬೀದರ್, ಕಲಬುರಗಿ ಕಡೆಯಿಂದ ಹೋಗಿ ಔರಂಗಾಬಾದಿನಲ್ಲಿ ನೆಲೆಸಿದ್ದ ವ್ಯಾಪಾರಸ್ಥರು ತಮ್ಮ ಬಡಾವಣೆಯಲ್ಲಿ ಗುಡಿ ಕಟ್ಟಿಸಿದ್ದರು. ಬೇಳೆಕಾಳಿನ ದೊಡ್ಡ ವ್ಯಾಪಾರಿ ವೈಜನಾಥ ಅದರ ಅಧ್ಯಕ್ಷ. ಮೂರೂವರೆ ಅಡಿಯ, ಕೂತಿರುವ ದೇವಿ. ಒಂದು ಕೈಯಲ್ಲಿ ಪಾತ್ರೆ, ಇನ್ನೊಂದರಲ್ಲಿ ಸೌಟು. ದಿನವೂ ಅಭಿಷೇಕ ಆಗಬೇಕು. ಮುಖ ಹೇಗಿರಬೇಕೆಂದು ರವಿಕಾಂತ ಕೇಳಿದ್ದಕ್ಕೆ ವೈಜನಾಥ ಫೋಟೋ ಏನೂ ಕೊಡದೆ, "ಅದು ನಿಮಗ ಬಿಟ್ಟದ್ದು" ಎಂದಿದ್ದ.

ಯಂತ್ರ ಕೊರೆದ ಮೂರ್ತಿಯನ್ನು ಟೆಂಪೋ ಇಳಿಸಿದ ದಿನವೇ ಭುವನೇಶ್ವರಿ ಕಲ್ಲಿಗೆ ಸುತ್ತಿಗೆ ತಾಗಿಸಿದಳು. ಸದ್ದು ಮಂಕಾಗಿತ್ತು. ನೀರು ಸುರಿದು ಕೂತಳು. ಎಲ್ಲ ಒಣಗಿದ ಮೇಲೂ ಎಡಗಿವಿಯ ಹಿಂದಿನಿಂದ ಗದ್ದದ ಕೆಳಗೆ ಹಾದು, ಕೊರಳನ್ನು ಸುತ್ತಿಕೊಂಡಂತೆ ಕೂದಲೆಳೆಯಷ್ಟು ತೇವ ನಿಂತಿತ್ತು. ತಮ್ಮನಿಗೆ ಫೋನು ಮಾಡಿದಳು. ಅವನು ಮರುದಿನ ಕಾರಿನಲ್ಲಿ ಬಂದ.

"ಈ ಕಲ್ಲು ಬ್ಯಾಡ ರವಿ."

"ಒಂದು ಗೆರಿ ಅದ. ಕಲ್ಲಂದಮ್ಯಾಲ ಗೆರಿ ಇರಲ್ಲೇನು ಅಕ್ಕಾ?"

"ಇದು ಗೆರಿ ಅಲ್ಲ, ಸೀಳು. ನೀರು ಕುಡೀಲತ್ತದ. ದಿನಾ ಹಾಲು ಮೊಸರು ಬಿದ್ರ ಒಳಗ ಹೊಗ್ತದ. ಎರಡು ವರ್ಷ ತಡದ್ರ ಹೆಚ್ಚು."

"ಕೆಮಿಕಲ್ ತುಂಬಸ್ತೀನಿ. ಈಗಿನ ಕೆಮಿಕಲ್ ಕಲ್ಲಿಗಿಂತ ಗಟ್ಟಿ ಇರ್ತದ."

"ಮಷೀನಿಗಿ ಹಾಕೂಕಿಂತ ಮೊದ್ಲು ನನಗ ತೋರಸಿದ್ರ ಕಲ್ಲು ತಿರುವಿ ಹಾಕಿ ಸೀಳು ಪೀಠಕ್ಕ ಬರೂಹಂಗ ಮಾಡ್ತಿದ್ದೆ. ಈಗ ಕೊಳ್ಳಿಗೇ ಬಂದದ."

ರವಿಕಾಂತ ಗಡಿಯಾರ ನೋಡಿಕೊಂಡ. "ಮುಹೂರ್ತ ಇಟ್ಟಾಗ್ಯದ. ಹೊಸ ಕಲ್ಲು ಬರೂದ್ರಾಗ ಆ ಮಂದಿ ಜೈಪುರಕ್ಕ ಹೋಗ್ತಾರ."

ಮಗಳ ಮನೆಯಲ್ಲೇ ಇರುತ್ತಿದ್ದ ತಾಯಿ ಪಾರ್ವತಿಬಾಯಿ ಬಾಗಿಲಲ್ಲಿ ಕೂತಲ್ಲಿಂದಲೇ, "ತಮ್ಮ ಅಷ್ಟು ದೂರದಿಂದ ಬಂದು ಹೇಳ್ಲತ್ತಾನ. ಮಾಡಿಕೊಟ್ರ ನಿನ್ನ ಗಂಟೇನು ಹೋಗ್ತದ?" ಎಂದಳು.

ಭುವನೇಶ್ವರಿ ಬೇಡವೆನ್ನಬಹುದಿತ್ತು. ಮುಂದೆ ಎಷ್ಟೋ ಸಲ ಅವಳು ತನ್ನನ್ನು ತಾನೇ ಕೇಳಿಕೊಂಡದ್ದು ಇದನ್ನೇ. ಆದರೆ ಅಷ್ಟು ಹೊತ್ತಿಗೆ ಆ ಮುದ್ದೆಯೊಳಗಿನ ಮುಖ ಅವಳ ಕಣ್ಣಿಗೆ ಬಿದ್ದಾಗಿತ್ತು. ಇಪ್ಪತ್ತನಾಲ್ಕು ವರ್ಷ ಬೇರೆಯವರು ಕೊಟ್ಟ ಫೋಟೋ ನೋಡಿಕೊಂಡೇ ಮುಖ ಮಾಡಿದ್ದಳು. ಇದೊಂದು ಅವಳಿಗೆ ಬಿಟ್ಟದ್ದಾಗಿತ್ತು. ಸೀಳಿನ ಮಾತನ್ನು ಅವಳು ಮತ್ತೆ ಎತ್ತಲಿಲ್ಲ.

ಏಳು ವಾರ ಹಿಡಿಯಿತು. ಕೊರಳಿನ ಹತ್ತಿರ ಸುತ್ತಿಗೆ ಬಳಸದೆ, ಸಣ್ಣ ಅರದಿಂದ ಉಜ್ಜಿ ಉಜ್ಜಿಯೇ ಗದ್ದ ತೆಗೆದಳು. ಕೆಳತುಟಿಯನ್ನು ಮೇಲ್ತುಟಿಗಿಂತ ತುಸು ಚಿಕ್ಕದಾಗಿಟ್ಟಳು. ರೆಪ್ಪೆ ಅರ್ಧ ಇಳಿದಿತ್ತು. ಎಲ್ಲರಿಗೂ ಬಡಿಸಿ ಮುಗಿಸಿ, ತನ್ನ ತಾಟಿನ ಮುಂದೆ ಆಗಷ್ಟೇ ಕೂತ ಹೆಂಗಸಿನ ಮುಖ ಅದು. ದಣಿವೂ ಇತ್ತು, ಹಸಿವೂ ಇತ್ತು, ಅದರ ಮೇಲೊಂದು ಸಮಾಧಾನವೂ ಇತ್ತು. ಪಾಳಿ ಮುಗಿಸಿ ಬಂದ ಶಾಂತಕುಮಾರ ಡಬ್ಬಿ ಕೈಯಲ್ಲಿ ಹಿಡಿದುಕೊಂಡೇ ನೋಡಿದ.

"ಇದು ಕೊಡೂದಲ್ಲ, ಇಟ್ಕೊಳ್ಳೂದು" ಎಂದ.

"ಎಲ್ಲಿ ಇಡ್ತೀರಿ? ಕಪಾಟಿನ ಮ್ಯಾಲೇನು?" ಎಂದು ಅವಳು ನಕ್ಕಳು.

ಪ್ರತಿಷ್ಠಾಪನೆಗೆ ಗಂಡ ಹೆಂಡತಿ ಇಬ್ಬರೂ ಹೋದರು. ಅಷ್ಟರಲ್ಲಿ ರವಿಕಾಂತ ಸೀಳಿಗೆ ರಾಳದಂಥದ್ದು ತುಂಬಿಸಿ, ಮೇಲೆ ಕಲ್ಲಿನ ಪುಡಿ ಮೆತ್ತಿ ಉಜ್ಜಿಸಿದ್ದ. ಹತ್ತಿರ ಹೋದರೂ ಕಾಣುತ್ತಿರಲಿಲ್ಲ. ವೇದಿಕೆಯ ಮೇಲೆ ಅವನಿಗೆ ಪೇಟ ಸುತ್ತಿ ಶಾಲು ಹೊದಿಸಿದರು. ಮೂರನೆಯ ತಲೆಮಾರಿನ ಕೈಗುಣ ಎಂದು ಮೈಕಿನಲ್ಲಿ ಹೇಳಿದರು. ಅವನು ತಲೆ ಬಗ್ಗಿಸಿ ಅಪ್ಪನ ಆಶೀರ್ವಾದ ಎಂದ. ಭುವನೇಶ್ವರಿ ಹೆಂಗಸರ ಸಾಲಿನಲ್ಲಿ ನಿಂತು ಮುಂದೆ ಮುಂದೆ ಸರಿದು ದೇವಿಯ ಎದುರು ಬಂದಾಗ ಪಾದ ಮುಟ್ಟಲು ಬಗ್ಗಿದಳು. ಅಲ್ಲಿ ನಿಂತಿದ್ದ ಒಬ್ಬ ಹೆಂಗಸು ಅವಳ ಕೈ ಸರಿಸಿದಳು.

"ದೂರಿಂದ ಕೈ ಮುಗೀರಿ ಬಾಯಿ. ಪ್ರಾಣಪ್ರತಿಷ್ಠಾ ಆಗ್ಯದ, ಇನ್ನ ಯಾರೂ ಮುಟ್ಟಂಗಿಲ್ಲ."

ಎರಡು ವರ್ಷ ಯಾರೂ ಏನೂ ಹೇಳಲಿಲ್ಲ. ೨೦೨೪ರ ಶ್ರಾವಣ ಮುಗಿದು ಎಂಟು ದಿನಕ್ಕೆ ಗೊತ್ತಿಲ್ಲದ ನಂಬರಿನಿಂದ ಫೋನು ಬಂತು.

"ಭುವನೇಶ್ವರಿಬಾಯಿ ಅಂದ್ರ ನೀವೇ ಏನ್ರಿ? ನಾ ವೈಜನಾಥ ಮಾತಾಡ್ಲತ್ತೀನಿ, ಸಂಭಾಜಿನಗರದಿಂದ. ನಮ್ಮ ಅನ್ನಪೂರ್ಣೇಶ್ವರಿ ಮುಖ ಮಾಡಿದವ್ರು ನೀವೇ ಅಂತಲ್ಲ?"

"ಹೌದ್ರಿ, ನಾನೇ" ಎಂದಳು. ಆ ಮಾತನ್ನು ಅವಳು ಹೊರಗಿನವರ ಮುಂದೆ ಆಡಿದ್ದು ಅದೇ ಮೊದಲು.

"ಒಂದು ಸಲ ಬಂದು ಹೋಗ್ರಿ. ಮಾತಾಡೂದದ."

ಶಾಂತಕುಮಾರನಿಗೆ ಅನುಮಾನ ಬಂತು. "ಇಷ್ಟು ದಿನ ಇಲ್ಲದ್ದು ಈಗ್ಯಾಕ ಕರೀಲತ್ತಾರ? ರವಿಗಿ ಕೇಳು" ಎಂದ. ರವಿಕಾಂತ ಫೋನು ಎತ್ತಲಿಲ್ಲ. ಭುವನೇಶ್ವರಿಗೆ ಮಾತ್ರ ಬೇರೆ ಯೋಚನೆಯೇ ಬರಲಿಲ್ಲ. ಯಾರೋ ಹೇಳಿದ್ದಾರೆ, ಅವರಿಗೆ ತಿಳಿದಿದೆ, ನೋಡಬೇಕು ಅನ್ನಿಸಿದೆ. ಅಂಚು ಮಾಸದ ಇಳಕಲ್ ಸೀರೆ ತೆಗೆದು ಉಟ್ಟಳು. ಗಂಡನಿಗೆ ರಜೆ ಸಿಗದ್ದರಿಂದ ಒಬ್ಬಳೇ ಎಸ್.ಟಿ. ಬಸ್ಸು ಹತ್ತಿದಳು. ಯೇವಲಾ, ವೈಜಾಪುರ ದಾಟಿ ಮಧ್ಯಾಹ್ನದ ಹೊತ್ತಿಗೆ ಇಳಿದು, ಆಟೋ ಮಾಡಿಕೊಂಡು ಗುಡಿಗೆ ಹೋದಳು.

ಸಭಾಮಂಟಪದಲ್ಲಿ ಕುರ್ಚಿ ಹಾಕಿಕೊಂಡು ಹತ್ತು ಹನ್ನೆರಡು ಗಂಡಸರು ಕೂತಿದ್ದರು. ಒಂದು ಬದಿಗೆ ರವಿಕಾಂತ ಮೊಬೈಲ್ ನೋಡುತ್ತ ಕೂತಿದ್ದ. ಗರ್ಭಗುಡಿಯಲ್ಲಿ ದೀಪ ಇರಲಿಲ್ಲ. ದೇವಿಯ ಮೇಲೆ ತಲೆಯಿಂದ ಪೀಠದವರೆಗೆ ಕೆಂಪು ಬಟ್ಟೆ ಹೊದಿಸಿದ್ದರು. ಅದನ್ನು ನೋಡಿದ್ದೇ ಭುವನೇಶ್ವರಿಗೆ ಎಲ್ಲ ತಿಳಿಯಿತು.

ಶ್ರಾವಣದ ಕೊನೆಯ ಸೋಮವಾರ ಪಂಚಾಮೃತ ಒರೆಸುವಾಗ ಪೂಜಾರಿಯ ಬಟ್ಟೆ ಕೊರಳಿಗೆ ಸಿಕ್ಕಿಕೊಂಡಿತ್ತು. ಎಳೆದಾಗ ಎಡಗದ್ದದ ಕೆಳಗಿನ ಒಂದು ಚೂರು ಉದುರಿತ್ತು. ಒಳಗೆ ಹಳದಿ ತಿರುಗಿದ ರಾಳ, ಅದರ ಹಿಂದೆ ಹಾಲು ಕುಡಿದು ಕಪ್ಪಾದ ಸೀಳು. ಇಷ್ಟನ್ನು ವೈಜನಾಥನೇ ಹೇಳಿದ. ನಿಂತವಳನ್ನು ಕೂಡ್ರಿ ಎಂದು ಯಾರೂ ಹೇಳಲಿಲ್ಲ.

"ರವಿಕಾಂತಗ ಕೇಳಿದ್ವಿ. ಮುಖ, ಕೊಳ್ಳು ನಂದಲ್ಲ, ಅಕ್ಕ ಮಾಡ್ಯಾಳ, ನನಗೇನೂ ಗೊತ್ತಿಲ್ಲ ಅಂದ. ಕಲ್ಲಿನ್ಯಾಗ ಸೀಳು ಇದ್ದದ್ದು ನಿಮಗ ಗೊತ್ತಿತ್ತೇನು?"

"ಗೊತ್ತಿತ್ರಿ. ಈ ಕಲ್ಲು ಬ್ಯಾಡ ಅಂತ ತಮ್ಮಗ ಹೇಳಿದ್ದೆ."

"ನನಗ ಹೇಳಿಲ್ಲ" ಎಂದ ರವಿಕಾಂತ. ಮೊಬೈಲಿನಿಂದ ಕಣ್ಣು ಮೇಲೆತ್ತಲಿಲ್ಲ.

ಭುವನೇಶ್ವರಿ ಅವನ ಕಡೆ ನೋಡಿದಳು. "ಅವ್ವನ ಎದುರಿಗೇ ಹೇಳೀನಿ ರವಿ."

"ಅವ್ವಗ ಫೋನ್ ಹಚ್ಚಿ ಕೇಳ್ರಿ ಬೇಕಾದ್ರ" ಎಂದು ಅವನು ವೈಜನಾಥನಿಗೆ ಹೇಳಿದ.

ವೈಜನಾಥ ಅಲ್ಲಿಯೇ ಫೋನು ಹಚ್ಚಿ, ಎಲ್ಲರಿಗೂ ಕೇಳುವಂತೆ ಇಟ್ಟ. ಪಾರ್ವತಿಬಾಯಿಯ ದನಿ ನಾಸಿಕದಿಂದ ಬಂತು. ತಾನು ಮುದುಕಿ, ಕಲ್ಲಿನ ಮಾತು ತನಗೇನು ತಿಳಿಯುತ್ತದೆ, ಅಂಥದ್ದೇನೂ ಕೇಳಿದ ನೆನಪಿಲ್ಲ ಎಂದಳು. ಮಗನ ಅಂಗಡಿಯ ಹೆಸರು ಕೆಡಿಸಬೇಡಿರಿ ಎಂದೂ ಕೇಳಿಕೊಂಡಳು.

ಆಮೇಲೆ ಕಲ್ಲಿನ ಮಾತು ಬಿದ್ದೇ ಹೋಯಿತು. ಮೂಲೆಯಲ್ಲಿ ಕೂತಿದ್ದ ವಯಸ್ಸಾದವರೊಬ್ಬರು ಕೆಮ್ಮಿ, "ಒಂದು ಕೇಳ್ತೀನಿ, ತಪ್ಪು ತಿಳೀಬ್ಯಾಡ್ರಿ. ಕೆಲಸ ಎಷ್ಟು ದಿನ ನಡದಿತ್ತು?" ಎಂದರು.

"ಏಳು ವಾರ್ರಿ."

"ಅಂದ್ರ ನಡುವೆ ಆ ನಾಕು ದಿನಾನೂ ಬಂದಿರಬೇಕಲ್ಲ. ಅವಾಗ ದೂರ ಇದ್ರೇನು?"

ಸುಳ್ಳು ಹೇಳಿದ್ದರೆ ಅಲ್ಲಿಗೆ ಮುಗಿಯುತ್ತಿತ್ತೋ ಏನೋ. ಆದರೆ ಹತ್ತೊಂಬತ್ತನೆಯ ವಯಸ್ಸಿನಿಂದ ಸುಳ್ಳಿನಲ್ಲಿಯೇ ಬದುಕಿದ್ದವಳಿಗೆ ಅವತ್ತು ಇನ್ನೊಂದು ಬೇಡವೆನ್ನಿಸಿತು.

"ದೂರ ಇದ್ದಿಲ್ರಿ. ಎಲ್ಲಾ ದಿನಾನೂ ಕೂತೀನಿ. ಇದಕ್ಕಷ್ಟೇ ಅಲ್ಲ, ನಮ್ಮ ಅಪ್ಪನ ಹೆಸರಿನ್ಯಾಗ ಹೋದ ಎಲ್ಲಾ ದೇವ್ರಿಗೂ ಹಂಗೇ ಕೂತೀನಿ. ಅವ್ಯಾವೂ ಒಡದಿಲ್ಲ."

ಯಾರೋ ಕುರ್ಚಿ ಹಿಂದಕ್ಕೆ ಸರಿಸಿದರು. "ಮತ್ತ ಅದಕ್ಕೇ" ಎಂದರು ಇನ್ನೊಬ್ಬರು. ಮಂಟಪದಲ್ಲಿ ಕೂತ ಎಲ್ಲರ ಮೇಲಿನಿಂದಲೂ ಒಂದು ಭಾರ ಇಳಿದಂತಾಯಿತು. ಕಲ್ಲು ಆರಿಸಿದವನು, ಯಂತ್ರಕ್ಕೆ ಹಾಕಿದವನು, ರಾಳ ತುಂಬಿಸಿದವನು ಯಾರು ಎಂದು ಇನ್ನು ಕೇಳುವ ಅಗತ್ಯ ಉಳಿಯಲಿಲ್ಲ. ರವಿಕಾಂತ ಆಗ ಮೊಬೈಲ್ ಜೇಬಿನಲ್ಲಿಟ್ಟ.

"ಒಂದು ಸಲ ಆ ಬಟ್ಟಿ ತೆಗೀರಿ. ಎಷ್ಟು ಒಡದದ ನೋಡ್ತೀನಿ" ಎಂದಳು ಭುವನೇಶ್ವರಿ.

ವೈಜನಾಥ ತಲೆಯಾಡಿಸಿದ. ಅವನ ದನಿಯಲ್ಲಿ ಸಿಟ್ಟೂ ಇರಲಿಲ್ಲ. "ಇನ್ನ ಬ್ಯಾಡ್ರಿ. ನೀವು ಊರಿಗಿ ಹೋಗ್ರಿ."

ಭಿನ್ನವಾದ ಮೂರ್ತಿಯನ್ನು ಪೂಜಿಸುವಂತಿಲ್ಲ, ನೀರಿಗೆ ಬಿಡಬೇಕು. ಅಮಾವಾಸ್ಯೆಯ ಮರುದಿನ ಕಾಯಗಾವ್ ಟೋಕಾದಲ್ಲಿ ಗೋದಾವರಿಗೆ ಬಿಡುವುದೆಂದು ಗೊತ್ತಾಯಿತು. ಯಾರೂ ಕರೆಯದಿದ್ದರೂ ಅವಳು ಹೋದಳು. ಈ ಸಲ ಶಾಂತಕುಮಾರ ಜೊತೆಗಿದ್ದ. ಇಬ್ಬರೂ ಘಾಟಿನ ಮೇಲುಗಡೆಯ ಮೆಟ್ಟಿಲಲ್ಲಿ, ಹೂವು ಮಾರುವವರ ಹಿಂದೆ ನಿಂತರು. ದೇವಿಗೆ ಸೆಣಬಿನ ಹಗ್ಗ ಸುತ್ತಿ ದೋಣಿಯಲ್ಲಿ ಅಂಗಾತ ಮಲಗಿಸಿದ್ದರು. ಬಟ್ಟೆ ಸರಿದು ಮುಖ ಕಾಣುತ್ತಿತ್ತು. ರವಿಕಾಂತ ಧೋತರ ಉಟ್ಟು ದೋಣಿಯಲ್ಲಿ ಕೂತಿದ್ದ. ನಡುನೀರಿಗೆ ಹೋಗಿ ನಾಲ್ಕು ಜನ ಎತ್ತಿ ಬಿಟ್ಟರು. ಸೇತುವೆಯ ಮೇಲೆ ಒಂದು ಟ್ರಾಕ್ಟರು ಜೋರಾಗಿ ಹಾಡು ಹಚ್ಚಿಕೊಂಡು ಹೋಗುತ್ತಿತ್ತು. ನೀರಿಗೆ ಬಿದ್ದ ಸದ್ದು ದಡಕ್ಕೆ ಕೇಳಲೇ ಇಲ್ಲ. ದೋಣಿ ತಿರುಗಿದ್ದನ್ನು ನೋಡಿ ಆಗಿದೆಯೆಂದು ತಿಳಿದುಕೊಂಡರು.

ಬಸ್ಸಿನಲ್ಲಿ ಅವಳು ಒಂದೇ ಮಾತು ಆಡಿದಳು. "ನಾನೂ ಗಟ್ಟಿಯಾಗಿ ಬ್ಯಾಡ ಅನ್ನಲಿಲ್ರಿ. ಆ ಮುಖದ ಆಸಿಗಿ ಸುಮ್ಮನಾದೆ." ಶಾಂತಕುಮಾರ ನೀರಿನ ಬಾಟಲಿ ಕೊಟ್ಟ.

ಸಂಗತಿ ಅಲ್ಲಿಗೆ ಮುಗಿಯಲಿಲ್ಲ. ಹೊಸ ಮೂರ್ತಿ ಬೇಕಲ್ಲ. ಟ್ರಸ್ಟಿನವರು ಮತ್ತೆ ರವಿಕಾಂತನಿಗೇ ಹೇಳಿದರು. ಜನರಿಗೆ ರೂಢಿಯಾಗಿದೆ, ಮುಖ ಮೊದಲಿನ ಹಾಗೇ ಇರಲಿ ಎಂದರು. ಅವನಿಗೆ ಕಷ್ಟವಾಗಲಿಲ್ಲ. ಮೊದಲ ಮೂರ್ತಿಯನ್ನು ಗುಡಿಗೆ ಕಳಿಸುವ ಮುಂಚೆಯೇ ಅದರ ಮುಖದ ಅಳತೆಯನ್ನೆಲ್ಲ ಕಂಪ್ಯೂಟರಿಗೆ ತುಂಬಿಸಿಟ್ಟುಕೊಂಡಿದ್ದ. ಈ ಸಲ ಕಲ್ಲೂ ಚೆನ್ನಾಗಿತ್ತು. ಯಂತ್ರ ಇಡೀ ಮೂರ್ತಿಯನ್ನು ಕೊರೆಯಿತು. ಹೆಂಗಸರ ಕೈ ತಾಗದ ಮೂರ್ತಿಯೆಂದು ಪ್ರತಿಷ್ಠಾಪನೆಯಲ್ಲಿ ಎಲ್ಲರೂ ಹೇಳಿಕೊಂಡರಂತೆ. ಆಮೇಲೆ ಅದೇ ಮುಖದ ಗೇಣುದ್ದದ ಮೂರ್ತಿಗಳು, ದೇವರ ಗೂಡಿನಲ್ಲಿಡುವಂಥವು, ಹೊರಟವು. ಮೈತ್ರೇಯಿ ಒಂದು ದಿನ ಕಾಲೇಜಿನಿಂದ ಬರುವಾಗ ರಾಮಕುಂಡದ ಹತ್ತಿರದ ಅಂಗಡಿಯಲ್ಲಿ ನೋಡಿ ಫೋಟೋ ತೆಗೆದುಕೊಂಡು ಬಂದಳು. ಕನ್ನಡ ಅವಳಿಗೆ ತಿಳಿಯುತ್ತದೆ, ಆಡಲು ತಡವರಿಸುತ್ತಾಳೆ.

"ಆಯಿ, ಇದು ತುಝಂಚ್ ಅಲ್ಲಾ? ನಿಂದೇ, ನೀ ಮಾಡಿದ ಮುಖ ಅಲ್ಲಾ?"

ಸಾಲಾಗಿ ಹನ್ನೆರಡು ಮುಖಗಳು, ಎಲ್ಲದರ ಕೆಳತುಟಿಯೂ ಚಿಕ್ಕದು. ಭುವನೇಶ್ವರಿ ಫೋನನ್ನು ಹತ್ತಿರ ಹಿಡಿದು ನೋಡಿದಳು. "ರೆಪ್ಪಿ ಸರಿ ಬಂದಿಲ್ಲ" ಎಂದು ವಾಪಸ್ ಕೊಟ್ಟಳು.

ರೆಪ್ಪೆ ಸರಿ ಬಂದಿಲ್ಲವೆಂದು ಗಿರಾಕಿಗಳಿಗೂ ಅನ್ನಿಸಿರಬೇಕು. ಕಳೆದ ವರ್ಷ ರವಿಕಾಂತ ನಾಸಿಕಕ್ಕೆ ಬಂದ. ಬರುವಾಗ ಸೀರೆ, ಸಿಹಿ ಎಲ್ಲ ತಂದಿದ್ದ.

"ದೊಡ್ಡ ಮೂರ್ತಿ ತಗೊಳ್ಳೋರು ಕಣ್ಣಿನ್ಯಾಗ ಜೀವಿಲ್ಲ ಅಂತಾರ ಅಕ್ಕಾ. ಮಷೀನಿಗಿ ಅದೊಂದು ಬರಲ್ಲ. ಮೊದ್ಲಿನ ಹಂಗ ಕಳಸ್ತೀನಿ, ಕಣ್ಣಷ್ಟು ಮಾಡಿಕೊಡು. ಯಾರಿಗೂ ಗೊತ್ತಾಗಲ್ಲ."

"ಅವತ್ತು ನನ್ನ ಹೆಸರು ಹೇಳೂಮುಂದ ನಿನ್ನ ನಾಲಿಗಿ ತಡವರಸಲಿಲ್ಲ."

"ಏನ್ ಮಾಡ್ಲಿ, ಅಂಗಡಿ ಮುಚ್ತಿತ್ತು."

"ಇವತ್ತೂ ಅಂಗಡಿ ಸಲುವಾಗೇ ಬಂದೀ. ಆಗಲ್ಲ ರವಿ. ಇನ್ನ ಒಂದು ಕಣ್ಣೂ ಆಗಲ್ಲ."

ಪಾರ್ವತಿಬಾಯಿ ಒಳಗಿನಿಂದ ಎದ್ದು ಬಂದಳು. ಮಗಳಿಗೆ ಬಹಳ ಅಂದಳು. ಒಡಹುಟ್ಟಿದವನ ಹೊಟ್ಟೆಯ ಮೇಲೆ ಹೊಡೆಯುವವಳು, ಅಪ್ಪನ ವಿದ್ಯೆಯನ್ನು ಮುಚ್ಚಿಟ್ಟುಕೊಂಡವಳು ಎಂದಳು, ಇನ್ನು ಈ ಮನೆಯಲ್ಲಿ ಇರುವುದಿಲ್ಲ ಎಂದಳು. ಭುವನೇಶ್ವರಿ ತಾಯಿಯ ಸೀರೆಗಳನ್ನು ಮಡಚಿ, ಗುಳಿಗೆಗಳನ್ನು ಡಬ್ಬಿಯಲ್ಲಿ ಜೋಡಿಸಿ ಚೀಲ ತುಂಬಿಸಿಕೊಟ್ಟಳು. ಪಾರ್ವತಿಬಾಯಿ ಮಗನ ಕಾರಿನಲ್ಲಿ ಕೂತು ಹೋದಳು. ಅವತ್ತಿನಿಂದ ಇವಳ ಫೋನು ಎತ್ತಿಲ್ಲ.

ಶೆಡ್ಡು ಈಗಿಲ್ಲ. ಕುಂಭಮೇಳಕ್ಕೆಂದು ರಸ್ತೆ ಅಗಲ ಮಾಡುವಾಗ ಅದು ಹೋಯಿತು. ಭುವನೇಶ್ವರಿ ನಾಸಿಕ್ ರೋಡಿನಲ್ಲಿ ಮಾಳಪ್ಪನ ಗ್ರಾನೈಟ್ ಅಂಗಡಿಗೆ ಕೆಲಸಕ್ಕೆ ಹೋಗುತ್ತಾಳೆ. ಮನೆಯ ಬಾಗಿಲಿಗೆ ಹಚ್ಚುವ ಹೆಸರಿನ ಫಲಕ, ಗೋರಿಗೆ ನಿಲ್ಲಿಸುವ ಕಲ್ಲು, ಇಂಥವಕ್ಕೆ ಅಕ್ಷರ ಕೆತ್ತುವುದು. ಮರಾಠಿ, ಇಂಗ್ಲಿಷು ಸಲೀಸು. ಉರ್ದುವನ್ನು ಬರೆದುಕೊಟ್ಟ ಕಾಗದ ನೋಡಿಕೊಂಡು ಗೆರೆ ತಪ್ಪದಂತೆ ಇಳಿಸುತ್ತಾಳೆ. ಮಾಳಪ್ಪ ಇಂಡಿ ಕಡೆಯವನು, ಕೆಟ್ಟವನಲ್ಲ. "ಇಷ್ಟು ನೀಟ್ ಯಾರಿಗಿ ಬೇಕಾಗ್ಯದ್ರಿ ಬಾಯಿ, ಗ್ರೈಂಡರ್ ಹಿಡೀರಿ, ಲಗೂ ಮುಗೀತದ" ಎಂದು ದಿನಕ್ಕೊಮ್ಮೆ ಹೇಳುತ್ತಾನೆ. ಅವಳು ಹೂಂ ಎಂದು ಮತ್ತೆ ಉಳಿಯನ್ನೇ ಹಿಡಿಯುತ್ತಾಳೆ.

ಮೊನ್ನೆ ಇಗತಪುರಿಯ ಒಬ್ಬ ರೈಲ್ವೆ ನೌಕರ ತೀರಿಹೋದ ಹೆಂಡತಿಯ ಕಲ್ಲಿಗೆ ಹೆಸರು ಬರೆಸಲು ಬಂದಿದ್ದ. ಫೋಟೋ ತೋರಿಸಿ, ಹೆಸರಿನ ಮೇಲೆ ಮುಖವನ್ನೂ ಕೆತ್ತಲು ಆಗುತ್ತದೆಯೇ ಎಂದು ಕೇಳಿದ. ಭುವನೇಶ್ವರಿ ಫೋಟೋ ತೆಗೆದುಕೊಂಡು ನೋಡಿದಳು. ದುಂಡು ಮುಖ, ಒಂದು ಹುಬ್ಬು ಸ್ವಲ್ಪ ಮೇಲೆ.

"ಮುಖ ನಾ ಮಾಡಲ್ರಿ" ಎಂದು ಹಿಂದಿಯಲ್ಲಿ ಹೇಳಿ ಫೋಟೋ ತಿರುಗಿ ಕೊಟ್ಟಳು. "ಹೆಸರು ಹ್ಯಾಂಗ ಬರೀತಾರ, ಅದನ್ನ ಬರೆದು ಕೊಡ್ರಿ."